ಹುಚ್ಚು ಎಂಬ ಹಣೆಪಟ್ಟಿ

ಈ ಲೇಖನವನ್ನು ನೀವು ಯಾವ ಊರಿನಲ್ಲಿ ಕುಳಿತು ಓದುತ್ತಿದ್ದೀರೋ ನಾನರಿಯೆ. ಆದರೆ ನಿಮ್ಮ ಕಾಲೇಜಿನ ಕ್ಯಾಂಟೀನಿನಲ್ಲಿ ಯಾರಾದರೂ ಸ್ವಲ್ಪ ವಿಚಿತ್ರವಾಗಿ ನಡೆದುಕೊಂಡರೆ, ಅವರನ್ನು ಎಲ್ಲಿಗೆ ಕಳಿಸಬೇಕೆಂದು ಉಳಿದವರು ತಮಾಷೆ ಮಾಡುತ್ತಾರೆ ಎಂಬುದನ್ನು ಮಾತ್ರ ಹೇಳಬಲ್ಲೆ. ಮುಂಬಯಿಯಲ್ಲಾದರೆ ಠಾಣೆಗೆ. ಪುಣೆಯಲ್ಲಾದರೆ ಯೆರವಡಾಕ್ಕೆ. ಚೆನ್ನೈಯಲ್ಲಿ ಕೀಳ್ಪಾಕ್‌ಗೆ, ಹೈದರಾಬಾದಿನಲ್ಲಿ ಎರ್ರಗಡ್ಡಕ್ಕೆ, ದೆಹಲಿಯಲ್ಲಿ ಶಾಹದರಾಕ್ಕೆ ಅಥವಾ ಆಗ್ರಾಕ್ಕೆ. ರಜೆಯಲ್ಲಿ ಊರಿಗೆ ಹೋದಾಗ ಅಜ್ಜಿಯ ಮನೆಯ ಪಕ್ಕದ ಹುಡುಗರು ಇದೇ ತಮಾಷೆಗೆ ಧಾರವಾಡದ ಹೆಸರನ್ನೋ ನಿಮ್ಹಾನ್ಸ್ ಹೆಸರನ್ನೋ ಬಳಸಿದ್ದನ್ನು ನೀವು ಕೇಳಿರಲೂಬಹುದು.

ಹೀಗೆ ಪ್ರತಿಯೊಂದು ದೊಡ್ಡ ಊರಿಗೂ ಒಂದು ಗೋಡೆ ಇದೆ. ಆಚೆ ಇರುವವರು ‘ಅವರು’, ಈಚೆ ಇರುವವರು ‘ನಾವು’. ಈ ಗೋಡೆಯನ್ನು ಎಲ್ಲಿ ಕಟ್ಟಬೇಕೆಂದು ತೀರ್ಮಾನಿಸಿದವರು ಯಾರು? ವೈದ್ಯರೇ, ಪೊಲೀಸರೇ, ಮನೆಯ ಹಿರಿಯರೇ, ನೆರೆಹೊರೆಯವರೇ? ಒಬ್ಬರ ನಡತೆಯನ್ನು ಯಾವಾಗ ಕಾಯಿಲೆ ಎನ್ನಬೇಕು, ಯಾವಾಗ ಅಪರಾಧ ಎನ್ನಬೇಕು, ಯಾವಾಗ ‘ಅದು ಅವರ ಸ್ವಭಾವ’ ಎಂದು ಸುಮ್ಮನಿರಬೇಕು? ಪ್ರಶ್ನೆ ದೊಡ್ಡದೇ. ಆದರೆ ಅದು ಒಂದಲ್ಲ ಒಂದು ದಿನ ನಿಮ್ಮ ಮನೆಯ ಬಾಗಿಲಿಗೂ ಬರುತ್ತದೆ. ನನ್ನ ಮನೆಗೆ ಬಂದಾಗ ನನಗೆ ಹದಿಮೂರು ವರ್ಷ.

ನನ್ನ ಸೋದರತ್ತೆಯ ಮಾತು

1976ರ ಮಳೆಗಾಲ. ಮುಂಬಯಿಯ ಚಾಳಿನ ಎರಡು ಕೋಣೆಯ ನಮ್ಮ ಮನೆಗೆ ಅಪ್ಪ ತನ್ನ ತಂಗಿಯನ್ನು ಕರೆದುಕೊಂಡು ಬಂದ. ಧಾರವಾಡದ ಹತ್ತಿರದ ಹಳ್ಳಿಯಲ್ಲಿ ಆಕೆಗೆ ಎರಡನೆಯ ಹೆರಿಗೆಯಾಗಿ ನಾಲ್ಕು ತಿಂಗಳಾಗಿತ್ತು. ಹೆರಿಗೆಯಾದ ಎರಡನೆಯ ವಾರದಿಂದ ನಿದ್ರೆ ಹೋಗಿತ್ತು. ಕೂಸನ್ನು ಮುಟ್ಟುತ್ತಿರಲಿಲ್ಲ. ಹಾಲಿನಲ್ಲಿ ಯಾರೋ ವಿಷ ಹಾಕಿದ್ದಾರೆ ಎನ್ನುತ್ತಿದ್ದಳು. ಊರಲ್ಲಿ ತಾಯತ ಕಟ್ಟಿಸಿದರು, ಮಂತ್ರ ಹಾಕಿಸಿದರು, ದೆವ್ವ ಬಿಡಿಸುತ್ತೇವೆಂದು ಬೇವಿನ ಬರಲಿನಿಂದ ಹೊಡೆದರು. ಆ ಬರೆಗಳು ಆಕೆಯ ತೋಳಿನ ಮೇಲಿದ್ದದ್ದು ನನಗೆ ಇನ್ನೂ ನೆನಪಿದೆ.

ಮುಂಬಯಿಯಲ್ಲಿ ವೈದ್ಯರು ನೋಡಿದರು, ಮಾತ್ರೆ ಕೊಟ್ಟರು. ದೀಪಾವಳಿಯ ಹೊತ್ತಿಗೆ ಅತ್ತೆ ಮೊದಲಿನ ಅತ್ತೆಯಾಗಿದ್ದಳು. ಬೆಳಿಗ್ಗೆ ರೊಟ್ಟಿ ಬಡಿಯುವ ಸದ್ದಿಗೆ ನಮಗೆ ಎಚ್ಚರವಾಗುತ್ತಿತ್ತು. ಕಾಯಿಲೆ ಹೋಯಿತು. ಆದರೆ ಹಣೆಪಟ್ಟಿ ಹೋಗಲಿಲ್ಲ. ಗಂಡನ ಮನೆಯವರು ಇಂದು ಬರುತ್ತೇವೆ, ನಾಳೆ ಬರುತ್ತೇವೆ ಎಂದು ಎರಡು ವರ್ಷ ದಾಟಿಸಿದರು. ನಮ್ಮ ಮನೆಯಲ್ಲೂ ಆಕೆ ಜೋರಾಗಿ ನಕ್ಕರೆ ಅವ್ವ ಅಪ್ಪನ ಮುಖ ನೋಡುತ್ತಿದ್ದಳು. ಒಂದು ದಿನ ರೇಷನ್ ಅಂಗಡಿಯವನು ಸಕ್ಕರೆಯ ತೂಕದಲ್ಲಿ ಮೋಸ ಮಾಡಿದನೆಂದು ಅತ್ತೆ ಜಗಳವಾಡಿ ಬಂದಳು. ಮೋಸ ನಿಜವೇ ಆಗಿತ್ತು. ಅಪ್ಪ ಕೇಳಿದ್ದು ಒಂದೇ ಮಾತು:

“ಇವತ್ತ ಗುಳಿಗಿ ತಗೊಂಡಿಯೇನು?”

ಅತ್ತೆ ಚೀಲ ಕೆಳಗಿಟ್ಟು ಹೇಳಿದಳು: “ಅಣ್ಣಾ, ನನಗ ಸಿಟ್ಟೂ ಬರಬಾರದೇನು?”

ನನ್ನ ಪಾಲಿನದನ್ನೂ ಹೇಳಿಬಿಡುತ್ತೇನೆ. ಒಮ್ಮೆ ಶಾಲೆಯ ಗೆಳೆಯರು ಮನೆಗೆ ಬಂದಾಗ “ಇವರು ಯಾರು?” ಎಂದು ಕೇಳಿದರು. ಚಾಳಿನ ತುಂಬ ಆಕೆಯ ಸುದ್ದಿ ಹರಡಿತ್ತು. ನಾನು ನಾಚಿಕೆಪಟ್ಟು, “ಕೆಲಸಕ್ಕೆಂದು ಊರಿಂದ ಬಂದವಳು” ಎಂದು ಮರಾಠಿಯಲ್ಲಿ ಹೇಳಿದೆ. ಧಾರವಾಡದ ಕಡೆಯ ಹೆಣ್ಣುಮಗಳಿಗೆ ಅಷ್ಟು ಮರಾಠಿ ತಿಳಿಯುವುದಿಲ್ಲವೇ? ಆಕೆ ಏನೂ ಅನ್ನಲಿಲ್ಲ. ಮರುವಾರ ಅದೇ ಗೆಳೆಯರು ಬಂದಾಗ ತಾನಾಗಿಯೇ ಎದ್ದು ಒಳಗಿನ ಕೋಣೆಗೆ ಹೋಗಿ ಬಾಗಿಲು ಮುಂದೆ ಮಾಡಿಕೊಂಡಳು.

ಮುಂದೆ ಯಾವಾಗಲೋ ‘ಶರಪಂಜರ’ ಚಿತ್ರ ನೋಡಿದೆ. ನಿಮ್ಮ ತಂದೆ ತಾಯಿಯರಿಗೆ ಇದರ ಹೆಸರು ಹೇಳಿ ನೋಡಿ, ಕಲ್ಪನಾ ಅವರ ನೆನಪಿನಿಂದ ಅವರ ಮುಖ ಬದಲಾಗುತ್ತದೆ. ಮನಃಶಾಸ್ತ್ರ ಓದಿದ್ದ ತ್ರಿವೇಣಿಯವರ ಕಾದಂಬರಿಯನ್ನು ಪುಟ್ಟಣ್ಣ ಕಣಗಾಲರು ತೆರೆಗೆ ತಂದದ್ದು. ಹೆರಿಗೆಯ ನಂತರ ಕಾವೇರಿಯ ಮನಸ್ಸು ಕೆಡುತ್ತದೆ, ಆಸ್ಪತ್ರೆಯಲ್ಲಿ ಗುಣವಾಗುತ್ತದೆ. ಮನೆಗೆ ಮರಳಿದ ಮೇಲೆ ಆಕೆಯ ನಗು, ಕೋಪ, ಮೌನ ಎಲ್ಲವೂ ಹುಚ್ಚಿನ ಲಕ್ಷಣವಾಗಿಯೇ ಸುತ್ತಲಿನವರಿಗೆ ಕಾಣುತ್ತದೆ. ಗಂಡನ ನಡತೆ ಕೆಟ್ಟಿದ್ದರೂ ಅದಕ್ಕೆ ಯಾರೂ ಹೆಸರಿಡುವುದಿಲ್ಲ. ಕೊನೆಗೆ ಆಕೆ ಮತ್ತೆ ಆಸ್ಪತ್ರೆ ಸೇರುತ್ತಾಳೆ. ತ್ರಿವೇಣಿಯವರು 1963ರಲ್ಲಿ, ಇನ್ನೂ ಮೂವತ್ತೈದರ ಆಸುಪಾಸಿನಲ್ಲಿ, ತೀರಿಕೊಂಡರು. ಇಂದಿನ ವೈದ್ಯಕೀಯ ಪುಸ್ತಕಗಳು ‘ಕಳಂಕ’ ಎಂದು ಅಧ್ಯಾಯಗಟ್ಟಲೆ ವಿವರಿಸುವುದನ್ನು ಆ ತಾಯಿ ಆಗಲೇ ಕಂಡಿದ್ದರು.

ಈ ಕಾಯಿಲೆಗೆ ಹೆರಿಗೆಯ ನಂತರದ ಮನೋವಿಕಲತೆ ಎಂದು ಹೆಸರು. ಸಾವಿರ ಹೆರಿಗೆಗಳಲ್ಲಿ ಸುಮಾರು ಒಂದೆರಡರಲ್ಲಿ ಕಾಣಿಸಿಕೊಳ್ಳುತ್ತದೆ. ತಾಯಿಗೂ ಕೂಸಿಗೂ ಅಪಾಯವಿರುವುದರಿಂದ ಕೂಡಲೇ ಚಿಕಿತ್ಸೆ ಬೇಕು. ಚಿಕಿತ್ಸೆ ಸಿಕ್ಕರೆ ಬಹುಪಾಲು ತಾಯಂದಿರು ಚೇತರಿಸಿಕೊಳ್ಳುತ್ತಾರೆ. ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ 2009ರಿಂದ ತಾಯಿಯನ್ನೂ ಕೂಸನ್ನೂ ಬೇರೆ ಮಾಡದೆ ಒಟ್ಟಿಗೇ ಇಟ್ಟುಕೊಂಡು ನೋಡಿಕೊಳ್ಳುವ ಘಟಕವಿದೆ. ನನ್ನ ಅತ್ತೆಯ ಕೂಸು ಆ ಎರಡು ವರ್ಷ ಇದ್ದದ್ದು ಐನೂರು ಕಿಲೋಮೀಟರಿಗೂ ಆಚೆ.

ಒಂದು ಮಾತು, ಹಲವು ಅರ್ಥ

ನಮ್ಮ ಭಾಷೆಯನ್ನೇ ನೋಡಿ. ‘ಹುಚ್ಚು’ ಎಂದರೆ ಬೈಗುಳವೂ ಹೌದು, ಪ್ರೀತಿಯೂ ಹೌದು. ಸಿನಿಮಾ ಹುಚ್ಚು, ಓದಿನ ಹುಚ್ಚು, ಕ್ರಿಕೆಟ್ಟಿನ ಹುಚ್ಚು ಎನ್ನುತ್ತೇವೆ. ಸೊಕ್ಕಿ ಹರಿಯುವ ಹೊಳೆ ಹುಚ್ಚುಹೊಳೆ. ಉತ್ತರ ಕರ್ನಾಟಕದವರು ಗುರೆಳ್ಳು ಎಂದು ಚಟ್ನಿ ಪುಡಿ ಮಾಡುವುದನ್ನೇ ಹಳೇ ಮೈಸೂರಿನವರು ಹುಚ್ಚೆಳ್ಳು ಎನ್ನುತ್ತಾರೆ. ಹಳ್ಳಿಗಳಲ್ಲಿ ಹುಚ್ಚಪ್ಪ, ಹುಚ್ಚಮ್ಮ, ಹುಚ್ಚಯ್ಯ ಎಂದು ಮಕ್ಕಳಿಗೆ ಹೆಸರಿಡುತ್ತಿದ್ದರು. ‘ಮರುಳು’ ಎಂಬ ಮಾತನ್ನು ಹೊತ್ತ ಮರುಳಸಿದ್ಧರು ಪೂಜ್ಯರು. ಅಕ್ಕಮಹಾದೇವಿ ಉಡುತಡಿಯ ಮನೆ, ಗಂಡ, ಉಟ್ಟ ಬಟ್ಟೆ ಎಲ್ಲವನ್ನೂ ತೊರೆದು ಕಲ್ಯಾಣಕ್ಕೆ ನಡೆದಳೆಂದು ಪರಂಪರೆ ಹೇಳುತ್ತದೆ. ಅನುಭವ ಮಂಟಪದವರು ಆಕೆಯನ್ನು ಪ್ರಶ್ನಿಸಿದರು, ಉತ್ತರ ಕೇಳಿದರು, ಅಕ್ಕ ಎಂದು ಕರೆದರು. ಇಂದು ಒಬ್ಬ ಹೆಣ್ಣುಮಗಳು ಹಾಗೆ ದಾದರ್ ಸ್ಟೇಷನ್ನಿನಲ್ಲಿ ನಡೆದರೆ ಮೊದಲು ಬರುವುದು ಪೊಲೀಸ್ ವ್ಯಾನು.

ಹಾಗೆಂದು ಹಿಂದಿನದೆಲ್ಲ ಒಳ್ಳೆಯದಿತ್ತು ಎನ್ನಬೇಡಿ. ಸಂತರಿಗೆ ಸಿಕ್ಕ ಗೌರವ ಸಾಮಾನ್ಯರಿಗೆ ಸಿಗುತ್ತಿರಲಿಲ್ಲ. ‘ಹುಚ್ಚು ಬಿಡುವ ತನಕ ಮದುವೆ ಆಗುವುದಿಲ್ಲ, ಮದುವೆ ಆಗುವ ತನಕ ಹುಚ್ಚು ಬಿಡುವುದಿಲ್ಲ’ ಎಂಬ ಗಾದೆಯನ್ನು ನಾವು ನಗಲೆಂದು ಹೇಳುತ್ತೇವೆ. ಆದರೆ ಕಾಯಿಲೆ ಮುಚ್ಚಿಟ್ಟು ಮದುವೆ ಮಾಡಿ, ಎರಡು ಮನೆಗಳನ್ನು ಕೆಡಿಸಿದ ಕತೆಗಳು ಎಷ್ಟು ಬೇಕು? ಈಗ ‘ಮೆಂಟಲ್’ ಎಂಬ ಇಂಗ್ಲಿಷಿನ ವಿಶೇಷಣವೇ ಕನ್ನಡದ ಬೈಗುಳವಾಗಿದೆ. ನೀವಂತೂ ಪಾಗಲ್, ವೇಡಾ, ಪೈತ್ಯಂ, ಪಿಚ್ಚಿ ಎಂದು ನಾಲ್ಕು ಭಾಷೆಗಳಲ್ಲಿ ಬೈಯಬಲ್ಲಿರಿ!

ಪಟ್ಟಿಗೆ ಸೇರಿದ್ದು, ಪಟ್ಟಿಯಿಂದ ಬಿಟ್ಟದ್ದು

ಮಲೇರಿಯಾ ಎಂದರೆ ಎಲ್ಲ ದೇಶದಲ್ಲೂ ಮಲೇರಿಯಾ. ರಕ್ತ ಪರೀಕ್ಷೆ ಮಾಡಿದರೆ ಗೊತ್ತಾಗುತ್ತದೆ. ನಡತೆಯ ವಿಷಯ ಹಾಗಲ್ಲ. ಯಾವುದು ‘ಸರಿಯಾದ’ ನಡತೆ ಎಂಬ ಅಳತೆಗೋಲನ್ನು ಸಮಾಜ ಕೊಡುತ್ತದೆ, ವೈದ್ಯ ಅದನ್ನು ಹಿಡಿದು ಅಳೆಯುತ್ತಾನೆ. ಅಳತೆಗೋಲೇ ಸೊಟ್ಟಗಿದ್ದರೆ?

1851ರಲ್ಲಿ ಅಮೆರಿಕದ ದಕ್ಷಿಣ ಭಾಗದ ಸ್ಯಾಮ್ಯುಯೆಲ್ ಕಾರ್ಟ್‌ರೈಟ್ ಎಂಬ ವೈದ್ಯ ಒಂದು ಹೊಸ ಕಾಯಿಲೆಯನ್ನು ‘ಕಂಡುಹಿಡಿದ’. ಹೆಸರು ಡ್ರೇಪ್ಟೊಮೇನಿಯಾ. ಲಕ್ಷಣ? ಗುಲಾಮರು ಒಡೆಯನಿಂದ ತಪ್ಪಿಸಿಕೊಂಡು ಓಡಿಹೋಗುವುದು! ಸ್ವಾತಂತ್ರ್ಯದ ಆಸೆಯೇ ರೋಗವಾಯಿತು. ಚಾಟಿ ಏಟನ್ನೂ ಆತ ಔಷಧಿಯಾಗಿ ಸೂಚಿಸಿದ್ದ. ಮುಂದಿನ ಶತಮಾನದಲ್ಲಿ ಸೋವಿಯತ್ ರಷ್ಯದಲ್ಲಿ ಸರಕಾರವನ್ನು ಟೀಕಿಸಿದ ಅನೇಕರಿಗೆ ‘ನಿಧಾನಗತಿಯ ಸ್ಕಿಜೋಫ್ರೀನಿಯಾ’ ಎಂಬ ಹೆಸರಿಟ್ಟು ಆಸ್ಪತ್ರೆಗಳಲ್ಲಿ ಕೂಡಿಹಾಕಿದರು.

ನಮ್ಮ ದೇಶದಲ್ಲಿ ಬ್ರಿಟಿಷರು ಇನ್ನೊಂದು ದಾರಿ ಹಿಡಿದರು. 1871ರ ಅಪರಾಧಿ ಬುಡಕಟ್ಟುಗಳ ಕಾಯಿದೆಯ ಪ್ರಕಾರ ಕೆಲವು ಜಾತಿಗಳಲ್ಲಿ ಹುಟ್ಟಿದವರೆಲ್ಲ ಹುಟ್ಟಿನಿಂದಲೇ ಅಪರಾಧಿಗಳು. ತೊಟ್ಟಿಲ ಕೂಸಿಗೂ ಅದೇ ಹಣೆಬರಹ. ಅದೇ ಕಾಯಿದೆಯ ಇನ್ನೊಂದು ಭಾಗ ಹಿಜಡಾಗಳ ಹೆಸರನ್ನು ಪೊಲೀಸರ ದಫ್ತರಿನಲ್ಲಿ ನೋಂದಾಯಿಸಲು ಹೇಳುತ್ತಿತ್ತು. ಮುಂಬಯಿ ಪ್ರಾಂತ್ಯದಲ್ಲಿ ಇಂಥ ಬುಡಕಟ್ಟಿನವರನ್ನು ಕೂಡಿಹಾಕಿದ ಬೇಲಿಗಳು ಸೊಲ್ಲಾಪುರದಲ್ಲಿದ್ದವು, ಹುಬ್ಬಳ್ಳಿಯಲ್ಲಿದ್ದವು. ಹುಬ್ಬಳ್ಳಿಯಲ್ಲಿ ಇಂದಿಗೂ ಒಂದು ಬಡಾವಣೆಯನ್ನು ‘ಸೆಟ್ಲಮೆಂಟ್’ ಎಂದೇ ಕರೆಯುತ್ತಾರೆ. ಆ ಹೆಸರು ಎಲ್ಲಿಂದ ಬಂತೆಂದು ಈಗ ನಿಮಗೆ ತಿಳಿಯಿತು. 1952ರ ಆಗಸ್ಟ್ 31ರಂದು ಈ ಜನರನ್ನು ಆ ಪಟ್ಟಿಯಿಂದ ಬಿಡುಗಡೆ ಮಾಡಿದರು. ದೇಶಕ್ಕೆ ಸ್ವಾತಂತ್ರ್ಯ ಬಂದು ಆಗಲೇ ಐದು ವರ್ಷ ಕಳೆದಿತ್ತು.

ಇನ್ನು ನಿಮ್ಮ ವಯಸ್ಸಿನವರು ಹೆಚ್ಚು ಮಾತಾಡುವ ವಿಷಯ. ಗಂಡು ಗಂಡನ್ನು, ಹೆಣ್ಣು ಹೆಣ್ಣನ್ನು ಪ್ರೀತಿಸುವುದನ್ನು ಧರ್ಮಗುರುಗಳು ಪಾಪ ಎಂದರು, ಕಾನೂನು ಅಪರಾಧ ಎಂದಿತು, ವೈದ್ಯರು ರೋಗ ಎಂದರು. ನಿಮ್ಮಲ್ಲಿ ಕಂಪ್ಯೂಟರ್ ಓದುವವರಿಗೆ ಆಲನ್ ಟ್ಯೂರಿಂಗ್ ಹೆಸರು ಗೊತ್ತು. ಎರಡನೆಯ ಮಹಾಯುದ್ಧದಲ್ಲಿ ಶತ್ರುಗಳ ರಹಸ್ಯ ಸಂಕೇತವನ್ನು ಬಿಡಿಸಲು ದುಡಿದ ಈ ಗಣಿತಜ್ಞನನ್ನು 1952ರಲ್ಲಿ ಇಂಗ್ಲೆಂಡಿನ ನ್ಯಾಯಾಲಯ ಸಲಿಂಗಪ್ರೇಮಕ್ಕಾಗಿ ಅಪರಾಧಿ ಎಂದಿತು. ಜೈಲಿನ ಬದಲು ಹಾರ್ಮೋನ್ ಚಿಕಿತ್ಸೆಗೆ ಆತ ಒಪ್ಪಬೇಕಾಯಿತು. 1954ರಲ್ಲಿ, ನಲವತ್ತೊಂದರ ವಯಸ್ಸಿನಲ್ಲಿ, ಆತ ಸತ್ತ. ರಾಣಿಯ ಕ್ಷಮಾದಾನ ಬಂದದ್ದು 2013ರಲ್ಲಿ.

ಅಮೆರಿಕದ ಮನೋವೈದ್ಯರ ಸಂಘ 1973ರಲ್ಲಿ ಸಲಿಂಗಪ್ರೇಮವನ್ನು ರೋಗಗಳ ಪಟ್ಟಿಯಿಂದ ತೆಗೆಯಿತು. ವಿಶ್ವ ಆರೋಗ್ಯ ಸಂಸ್ಥೆ 1990ರಲ್ಲಿ ತೆಗೆಯಿತು. ಯಾವ ಔಷಧಿಯನ್ನೂ ನುಂಗದೆ ಲಕ್ಷಾಂತರ ಜನ ಒಂದೇ ದಿನದಲ್ಲಿ ‘ಗುಣ’ವಾದರು! ನಮ್ಮಲ್ಲಿ 1860ರ ದಂಡಸಂಹಿತೆಯ 377ನೆಯ ಕಲಮು ಉಳಿದಿತ್ತು. 2009ರಲ್ಲಿ ದೆಹಲಿ ಹೈಕೋರ್ಟ್ ಅದನ್ನು ಸಡಿಲಿಸಿತು, 2013ರಲ್ಲಿ ಸುಪ್ರೀಂ ಕೋರ್ಟ್ ಮತ್ತೆ ಬಿಗಿ ಮಾಡಿತು. ಕೊನೆಗೆ 2018ರ ಸೆಪ್ಟೆಂಬರ್ 6ರಂದು ಅದೇ ಸುಪ್ರೀಂ ಕೋರ್ಟ್, ವಯಸ್ಕರು ಪರಸ್ಪರ ಒಪ್ಪಿಗೆಯಿಂದ ನಡೆಸುವ ಖಾಸಗಿ ಸಂಬಂಧ ಅಪರಾಧವಲ್ಲವೆಂದು ತೀರ್ಪಿತ್ತಿತು. ಇಂಥವರನ್ನು ‘ಸರಿಪಡಿಸುತ್ತೇವೆ’ ಎಂದು ಚಿಕಿತ್ಸೆ ಕೊಡುವುದು ವೈದ್ಯರ ವೃತ್ತಿದುರ್ನಡತೆ ಎಂದು 2022ರಲ್ಲಿ ರಾಷ್ಟ್ರೀಯ ವೈದ್ಯಕೀಯ ಆಯೋಗ ಸ್ಪಷ್ಟಪಡಿಸಿತು.

ನಮ್ಮ ಉತ್ತರ ಕರ್ನಾಟಕದಲ್ಲಿ ಎಲ್ಲಮ್ಮನ ಜೋಗಪ್ಪಗಳಿದ್ದಾರೆ. ಗಂಡಾಗಿ ಹುಟ್ಟಿ ಸೀರೆ ಉಟ್ಟು ಕೊಡ ಹೊತ್ತವರು. ಸಮಾಜ ಅವರಿಗೆ ಒಂದು ಜಾಗ ಕೊಟ್ಟಿತು, ಆದರೆ ಬಹಳ ಇಕ್ಕಟ್ಟಾದ ಜಾಗ: ದೇವಿಯ ಮುಂದೆ ಕುಣಿಯಬಹುದು, ಮನೆಯೊಳಗೆ ಬರುವಂತಿಲ್ಲ. ಆ ಇಕ್ಕಟ್ಟಿನಿಂದಲೇ ಹೊರಟ ಬಳ್ಳಾರಿ ಜಿಲ್ಲೆಯ ಮಂಜಮ್ಮ ಜೋಗತಿಯವರು ಕರ್ನಾಟಕ ಜಾನಪದ ಅಕಾಡೆಮಿಯ ಅಧ್ಯಕ್ಷರಾದರು. 2021ರಲ್ಲಿ ಪದ್ಮಶ್ರೀ ಪ್ರಶಸ್ತಿ ಸ್ವೀಕರಿಸಲು ರಾಷ್ಟ್ರಪತಿ ಭವನದಲ್ಲಿ ಹೆಜ್ಜೆ ಇಟ್ಟಾಗ ರಾಷ್ಟ್ರಪತಿಗಳಿಗೆ ಸೆರಗಿನಿಂದ ದೃಷ್ಟಿ ತೆಗೆದರು. ದೂರದರ್ಶನದಲ್ಲಿ ಅದನ್ನು ನೋಡಿ ಕಣ್ಣೊರೆಸಿಕೊಂಡವರಲ್ಲಿ ನಾನೂ ಒಬ್ಬ.

ಚಿಕಿತ್ಸೆಯ ಹೆಸರಿನಲ್ಲಿ

ಹಾಗಾದರೆ ಮನೋರೋಗ ಎಂಬುದೇ ಸುಳ್ಳೇ? ದಯವಿಟ್ಟು ಹಾಗೆ ತಿಳಿಯಬೇಡಿ. ಅದು ಇನ್ನೊಂದು ತುದಿಯ ತಪ್ಪು. ಭಿನ್ನವಾಗಿರುವುದನ್ನು ರೋಗ ಎಂದಷ್ಟೇ ಕ್ರೂರವಾದದ್ದು ರೋಗವನ್ನು ದೆವ್ವ, ಕೊಬ್ಬು, ಸೋಮಾರಿತನ ಎನ್ನುವುದು. ನನ್ನ ಅತ್ತೆಯನ್ನು ಬದುಕಿಸಿದ್ದು ಮಾತ್ರೆಯೇ, ತಾಯತವಲ್ಲ.

ಆದರೆ ಈ ಮಾತ್ರೆಯ ತನಕ ಬರಲು ವೈದ್ಯಶಾಸ್ತ್ರ ಬಹಳ ಅಡ್ಡದಾರಿ ತುಳಿದಿದೆ. 1790ರ ದಶಕದಲ್ಲಿ ಪ್ಯಾರಿಸಿನಲ್ಲಿ ಪಿನೆಲ್ ಎಂಬ ವೈದ್ಯ ಮತ್ತು ಪ್ಯುಸ್ಸೆನ್ ಎಂಬ ಮೇಲ್ವಿಚಾರಕ ರೋಗಿಗಳ ಸರಪಳಿ ಬಿಚ್ಚಿಸಿದ್ದೇ ದೊಡ್ಡ ಕ್ರಾಂತಿಯಾಗಿತ್ತು. 1927ರ ನೊಬೆಲ್ ಪ್ರಶಸ್ತಿ ಪಡೆದ ವಾಗ್ನರ್-ಯೌರೆಗ್, ಮೆದುಳಿಗೇರಿದ ಸಿಫಿಲಿಸ್ ರೋಗಿಗಳಿಗೆ ಬೇಕೆಂದೇ ಮಲೇರಿಯಾ ಜ್ವರ ಬರಿಸುತ್ತಿದ್ದರು. 1949ರ ನೊಬೆಲ್ ಹಂಚಿಕೊಂಡ ಪೋರ್ಚುಗಲ್ಲಿನ ಎಗಾಸ್ ಮೋನಿಜ್, ಮೆದುಳಿನ ಮುಂಭಾಗದ ನರತಂತುಗಳನ್ನು ಕತ್ತರಿಸುವ ಶಸ್ತ್ರಚಿಕಿತ್ಸೆಗೆ ಹೆಸರಾದವರು. ಸಾವಿರಾರು ಜನ ಅದರಿಂದ ‘ಶಾಂತ’ರಾದರು. ಅವರ ವ್ಯಕ್ತಿತ್ವವೇ ಅಳಿಸಿಹೋಗಿತ್ತು. ಸುತ್ತಲಿನವರಿಗೆ ತೊಂದರೆ ಕೊಡದಿರುವುದನ್ನೇ ಗುಣವಾಗುವುದು ಎಂದು ತಿಳಿದರೆ ಆಗುವ ಅನಾಹುತ ಇದು.

ನಿಜವಾದ ಬದಲಾವಣೆ ಬಂದದ್ದು ಔಷಧಿಗಳಿಂದ. 1931ರಲ್ಲೇ ಕಲಕತ್ತೆಯ ಗಣನಾಥ ಸೇನ್ ಮತ್ತು ಕಾರ್ತಿಕಚಂದ್ರ ಬೋಸ್ ಎಂಬ ವೈದ್ಯರು ನಮ್ಮ ಸರ್ಪಗಂಧದ ಬೇರು ಉನ್ಮಾದವನ್ನು ತಗ್ಗಿಸುತ್ತದೆಂದು ಬರೆದರು. 1949ರಲ್ಲಿ ಆಸ್ಟ್ರೇಲಿಯದ ಜಾನ್ ಕೇಡ್ ಲಿಥಿಯಂನ ಗುಣ ಕಂಡರು. 1952ರಲ್ಲಿ ಪ್ಯಾರಿಸಿನ ವೈದ್ಯರು ಕ್ಲೋರ್‌ಪ್ರೊಮಜೀನ್ ಬಳಸತೊಡಗಿದರು. ವರ್ಷಗಟ್ಟಲೆ ಗೋಡೆಯೊಳಗೆ ಇದ್ದವರು ಮನೆಗೆ ಹೋಗುವಂತಾಯಿತು.

ಔಷಧಿಯಿದ್ದೂ ಎಲ್ಲರಿಗೂ ತಲುಪಲಿಲ್ಲ. 2001ರ ಆಗಸ್ಟ್ 6ರ ಬೆಳಗಿನ ಜಾವ ತಮಿಳುನಾಡಿನ ರಾಮನಾಥಪುರಂ ಜಿಲ್ಲೆಯ ಏರ್ವಾಡಿಯಲ್ಲಿ, ದರ್ಗಾದ ಸುತ್ತಮುತ್ತ ನಡೆಯುತ್ತಿದ್ದ ಖಾಸಗಿ ಆಶ್ರಯಗಳಲ್ಲಿ ಒಂದಕ್ಕೆ ಬೆಂಕಿ ಬಿತ್ತು. ಒಳಗಿದ್ದವರನ್ನು ಸರಪಳಿಯಿಂದ ಬಿಗಿದಿದ್ದರು. 28 ಜನ ಓಡಲಾಗದೆ ಸುಟ್ಟು ಸತ್ತರು. ಪಿನೆಲ್ ಕಾಲದಿಂದ ಇನ್ನೂರು ವರ್ಷ ಕಳೆದಿತ್ತು. ಅವರನ್ನು ಅಲ್ಲಿ ಬಿಟ್ಟುಹೋದವರೆಲ್ಲ ಕಟುಕರೇನಲ್ಲ. ಚಿಕಿತ್ಸೆ ಎಲ್ಲಿ ಸಿಗುತ್ತದೆಂದು ತಿಳಿಯದ, ಹಣವಿಲ್ಲದ, ದಣಿದ ಮನೆಗಳಿಗೆ ಉಳಿದಿದ್ದ ದಾರಿ ಅದೊಂದೇ.

ಕರ್ನಾಟಕದ ಪಾಲು

ಇಲ್ಲಿ ನಾವು ಕನ್ನಡಿಗರು ಸ್ವಲ್ಪ ಹೆಮ್ಮೆಪಡಬಹುದು. ಬೆಂಗಳೂರಿನಲ್ಲಿ ಹತ್ತೊಂಬತ್ತನೆಯ ಶತಮಾನದಲ್ಲೇ ಇದ್ದ ಹುಚ್ಚರ ಆಶ್ರಯಕ್ಕೆ 1925ರಲ್ಲಿ ಮೈಸೂರು ಸರಕಾರ ‘ಮಾನಸಿಕ ಆಸ್ಪತ್ರೆ’ ಎಂದು ಹೆಸರು ಬದಲಿಸಿತು. ಹೆಸರಿನಲ್ಲೇನಿದೆ ಎನ್ನಬೇಡಿ, ಆಶ್ರಯದಲ್ಲಿರುವವನು ಕೈದಿ, ಆಸ್ಪತ್ರೆಯಲ್ಲಿರುವವನು ರೋಗಿ. 1954ರಲ್ಲಿ ಅಲ್ಲಿಯೇ ಅಖಿಲ ಭಾರತ ಮಾನಸಿಕ ಆರೋಗ್ಯ ಸಂಸ್ಥೆ ಆರಂಭವಾಯಿತು. ಎರಡೂ ಸೇರಿ 1974ರಲ್ಲಿ ನಿಮ್ಹಾನ್ಸ್ ಆಯಿತು.

1950ರ ದಶಕದಲ್ಲಿ ಅಮೃತಸರದ ಡಾ. ವಿದ್ಯಾಸಾಗರ್ ಅವರು ಆಸ್ಪತ್ರೆಯ ಆವರಣದಲ್ಲಿ ಡೇರೆ ಹಾಕಿಸಿ ರೋಗಿಯ ಜೊತೆ ಮನೆಯವರೂ ಉಳಿಯುವಂತೆ ಮಾಡಿದ್ದರು. ಮನೆಯವರು ಕಣ್ಣಾರೆ ಗುಣವಾಗುವುದನ್ನು ಕಂಡರೆ ಭಯ ಹೋಗುತ್ತದೆ. ಬೆಂಗಳೂರಿನವರು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಆಸ್ಪತ್ರೆಯನ್ನೇ ಹಳ್ಳಿಗೆ ಒಯ್ದರು. 1980ರ ದಶಕದಲ್ಲಿ ಬಳ್ಳಾರಿ ಜಿಲ್ಲೆಯ ಪ್ರಾಥಮಿಕ ಆರೋಗ್ಯ ಕೇಂದ್ರಗಳ ವೈದ್ಯರಿಗೂ ಆರೋಗ್ಯ ಕಾರ್ಯಕರ್ತರಿಗೂ ತರಬೇತಿ ಕೊಟ್ಟು, ಕೆಲವೇ ಮುಖ್ಯ ಔಷಧಿಗಳನ್ನು ಒದಗಿಸಿ, ದೂರದ ಊರಿಗೆ ಅಲೆಯದೆಯೇ ಚಿಕಿತ್ಸೆ ಸಿಗುವಂತೆ ಮಾಡಿದರು. ಈ ‘ಬಳ್ಳಾರಿ ಮಾದರಿ’ಯೇ 1996ರಲ್ಲಿ ಇಡೀ ದೇಶದ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮಕ್ಕೆ ತಳಹದಿಯಾಯಿತು. ಇಷ್ಟಾದರೂ ನಿಮ್ಹಾನ್ಸ್ 2015-16ರಲ್ಲಿ ನಡೆಸಿದ ರಾಷ್ಟ್ರೀಯ ಸಮೀಕ್ಷೆ ಕಂಡದ್ದೇನು? ವಯಸ್ಕರಲ್ಲಿ ನೂರಕ್ಕೆ ಹತ್ತಕ್ಕೂ ಹೆಚ್ಚು ಜನರಿಗೆ ಒಂದಲ್ಲ ಒಂದು ಮಾನಸಿಕ ತೊಂದರೆ ಇದೆ. ತೊಂದರೆ ಯಾವುದು ಎಂಬುದರ ಮೇಲೆ, ಅಂಥವರಲ್ಲಿ ನೂರಕ್ಕೆ 70ರಿಂದ 92 ಜನರಿಗೆ ಚಿಕಿತ್ಸೆಯೇ ಸಿಗುತ್ತಿಲ್ಲ.

ಕಾನೂನು ಕಲಿತ ಪಾಠ

ಕಾನೂನಿನ ಹೆಸರುಗಳನ್ನೇ ಸಾಲಾಗಿ ನೋಡಿ. 1858ರದ್ದು ಹುಚ್ಚರ ಆಶ್ರಯಗಳ ಕಾಯಿದೆ. 1912ರದ್ದು ಹುಚ್ಚುತನದ ಕಾಯಿದೆ. 1987ರದ್ದು ಮಾನಸಿಕ ಆರೋಗ್ಯ ಕಾಯಿದೆ. 2017ರದ್ದು ಮಾನಸಿಕ ಆರೋಗ್ಯಪಾಲನಾ ಕಾಯಿದೆ. ಮೊದಲಿನವುಗಳ ಚಿಂತೆ, ಸಮಾಜವನ್ನು ರೋಗಿಯಿಂದ ಹೇಗೆ ಕಾಪಾಡುವುದು ಎಂದು. ಕೊನೆಯದರ ಚಿಂತೆ, ರೋಗಿಯ ಹಕ್ಕನ್ನು ಹೇಗೆ ಕಾಪಾಡುವುದು ಎಂದು.

ಈ ಕೊನೆಯ ಕಾಯಿದೆಯ ಮೂರನೆಯ ಕಲಮನ್ನು ನಿಮ್ಮಲ್ಲಿ ಕಾನೂನು ಓದುವವರು ತಪ್ಪದೆ ನೋಡಬೇಕು. ಒಬ್ಬರ ಜಾತಿ, ಧರ್ಮ, ರಾಜಕೀಯ ಅಥವಾ ಹಣಕಾಸಿನ ಸ್ಥಿತಿ ನೋಡಿ ಮನೋರೋಗವನ್ನು ತೀರ್ಮಾನಿಸುವಂತಿಲ್ಲ. ಸುತ್ತಲಿನ ಸಮಾಜದ ನೀತಿ, ನಂಬಿಕೆ, ಸಂಪ್ರದಾಯಗಳಿಗೆ ಒಬ್ಬರು ಹೊಂದಿಕೊಳ್ಳಲಿಲ್ಲ ಎಂಬ ಕಾರಣಕ್ಕೂ ತೀರ್ಮಾನಿಸುವಂತಿಲ್ಲ. ಅದೇ ಕಲಮು ಮುಂದುವರಿದು ಹೇಳುತ್ತದೆ: ಹಿಂದೆ ಎಂದೋ ಚಿಕಿತ್ಸೆ ಪಡೆದಿದ್ದರು, ಆಸ್ಪತ್ರೆಯಲ್ಲಿದ್ದರು ಎಂಬುದಷ್ಟರಿಂದಲೇ ಇಂದೂ ಅವರಿಗೆ ರೋಗವಿದೆ ಎನ್ನಲಾಗದು. ಇದನ್ನು ಮೊದಲ ಬಾರಿ ಓದಿದಾಗ ನಾನು ಪುಸ್ತಕ ಮುಚ್ಚಿಟ್ಟು ಬಹಳ ಹೊತ್ತು ಕುಳಿತಿದ್ದೆ. ತೂಕದ ಚೀಲ ಕೆಳಗಿಟ್ಟು ಅತ್ತೆ ಕೇಳಿದ ಪ್ರಶ್ನೆಗೆ ದೇಶದ ಸಂಸತ್ತು ನಲವತ್ತು ವರ್ಷಗಳ ನಂತರ ಉತ್ತರ ಕೊಟ್ಟಿತ್ತು.

ಇದೇ ಕಾಯಿದೆ ರೋಗಿಗಳನ್ನು ಸರಪಳಿಯಿಂದ ಕಟ್ಟುವುದನ್ನು ನಿಷೇಧಿಸುತ್ತದೆ. ಅರಿವಳಿಕೆ ಕೊಡದೆ ವಿದ್ಯುತ್ ಚಿಕಿತ್ಸೆ ಮಾಡಬಾರದೆನ್ನುತ್ತದೆ. ಆತ್ಮಹತ್ಯೆಗೆ ಪ್ರಯತ್ನಿಸಿದವರನ್ನು ತೀವ್ರ ಒತ್ತಡದಲ್ಲಿದ್ದವರೆಂದು ಭಾವಿಸಿ ಆರೈಕೆ ಮಾಡಬೇಕೆನ್ನುತ್ತದೆ. ಅಂಥವರನ್ನು ಜೈಲಿಗೆ ಕಳಿಸಬಹುದಾಗಿದ್ದ ಹಳೆಯ 309ನೆಯ ಕಲಮು, 2024ರ ಜುಲೈಯಲ್ಲಿ ಜಾರಿಗೆ ಬಂದ ಹೊಸ ಸಂಹಿತೆಯಲ್ಲಿ ಇಲ್ಲ. ಮದುವೆಯ ವಿಷಯದಲ್ಲೂ, ಸ್ಕಿಜೋಫ್ರೀನಿಯಾ ಎಂಬ ಹೆಸರೊಂದೇ ವಿಚ್ಛೇದನಕ್ಕೆ ಸಾಲದು, ಅದರ ತೀವ್ರತೆಯನ್ನು ತೋರಿಸಬೇಕು ಎಂದು 1988ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ.

ನೀವೇನು ಮಾಡಬಹುದು?

ಕಾನೂನು ಬದಲಾದರೆ ಸಾಕೇ? ಚಾಳಿನ ಬಾಗಿಲಲ್ಲಿ ಕಾನೂನು ಬಂದು ನಿಲ್ಲುವುದಿಲ್ಲ. ಅಲ್ಲಿ ನಿಲ್ಲುವವರು ನಾವೇ.

ಯಾರನ್ನಾದರೂ ‘ಸರಿಯಿಲ್ಲ’ ಎನ್ನುವ ಮೊದಲು ಮೂರು ಪ್ರಶ್ನೆ ಕೇಳಿಕೊಳ್ಳಿ. ಒಂದು, ಈ ನಡತೆಯಿಂದ ಯಾರಿಗಾದರೂ ನಿಜವಾಗಿ ಪೆಟ್ಟಾಗುತ್ತಿದೆಯೇ, ಇಲ್ಲವೇ ನಮಗೆ ಮುಜುಗರವಾಗುತ್ತಿದೆ ಅಷ್ಟೆಯೇ? ಎರಡು, ಆ ವ್ಯಕ್ತಿ ತಾನೇ ನರಳುತ್ತಿದ್ದಾರೆಯೇ? ನಿದ್ರೆ, ಊಟ, ಓದು, ಸ್ನೇಹ ಇವೆಲ್ಲ ಮೊದಲಿನಂತಿಲ್ಲದೆ ವಾರಗಳೇ ಕಳೆದಿವೆಯೇ? ಮೂರು, ಈ ಹಣೆಪಟ್ಟಿಯಿಂದ ಲಾಭ ಯಾರಿಗೆ? ಆಸ್ತಿಗಾಗಿ, ಬೇಡವಾದ ಹೆಂಡತಿಯನ್ನು ದೂರವಿಡಲು, ಹೇಳಿದ ಮದುವೆಗೆ ಒಪ್ಪದ ಮಗಳ ಬಾಯಿ ಮುಚ್ಚಿಸಲು ‘ಹುಚ್ಚು’ ಎಂಬ ಮಾತು ಬಳಕೆಯಾದದ್ದುಂಟು.

ಎರಡನೆಯ ಪ್ರಶ್ನೆಗೆ ಹೌದು ಎಂಬ ಉತ್ತರ ಬಂದರೆ ತಡಮಾಡಬೇಡಿ. ಹಾಸ್ಟೆಲಿನ ಗೆಳತಿಯಾಗಿರಲಿ, ಕೆಲಸ ಕಳೆದುಕೊಂಡ ಅಣ್ಣನಾಗಿರಲಿ, ಸ್ವತಃ ನೀವೇ ಆಗಿರಲಿ. ಟೆಲಿ ಮಾನಸ್ ಎಂಬ ಸರಕಾರಿ ದೂರವಾಣಿ ಸೇವೆ 2022ರ ಅಕ್ಟೋಬರಿನಿಂದ ಇದೆ, ಸಂಖ್ಯೆ 14416. ಹಣವಿಲ್ಲ, ಹೆಸರು ಹೇಳಬೇಕಾಗಿಲ್ಲ, ಕನ್ನಡದಲ್ಲೇ ಮಾತಾಡಬಹುದು. ಪರವೂರಿನಲ್ಲಿ ಎಷ್ಟೇ ಭಾಷೆ ಕಲಿತರೂ ಸಂಕಟದ ಮಾತು ಬರುವುದು ಮನೆಯ ಭಾಷೆಯಲ್ಲಿ ತಾನೆ? ನಿಮ್ಮ ತಾಯಿ ದೊಡ್ಡಮ್ಮಂದಿರಿಗೆ ಇದು ಮುಖ್ಯ. ಮೂವತ್ತು ವರ್ಷ ಈ ಊರಲ್ಲಿದ್ದರೂ, “ಯಾಕೋ ಬದುಕು ಬ್ಯಾಸರಾಗೇದ” ಎಂಬುದನ್ನು ಹಿಂದಿಯಲ್ಲಿ ವೈದ್ಯರಿಗೆ ತಿಳಿಸಲು ಅವರಿಂದಾಗದು. ಅವರ ಜೊತೆ ಹೋಗಿ ಕೂಡಿ, ಅವರ ಮಾತನ್ನು ದಾಟಿಸಿ. ಎರಡೂ ಭಾಷೆ ಬಲ್ಲ ನಿಮಗಿಂತ ಬೇರೆ ಯಾರು ಆ ಕೆಲಸ ಮಾಡಬಲ್ಲರು?

ಅತ್ತೆಯನ್ನು ಕೊನೆಗೆ 1978ರಲ್ಲಿ ಗಂಡನ ಮನೆಯವರು ಕರೆದುಕೊಂಡು ಹೋದರು. ಆಕೆ ಎರಡು ಮಕ್ಕಳನ್ನು ಬೆಳೆಸಿದಳು, ಮೊಮ್ಮಕ್ಕಳನ್ನು ಆಡಿಸಿದಳು, 2011ರಲ್ಲಿ ತೀರಿಕೊಂಡಳು. ಆ ಕಾಯಿಲೆ ಮತ್ತೆ ಬರಲಿಲ್ಲ. ನನ್ನ ಮದುವೆಯ ದಿನ ಮುಂಬಯಿಯ ನನ್ನ ಶಾಲೆಯ ಗೆಳೆಯರು ಮಂಟಪದಲ್ಲಿ ಸಾಲಾಗಿ ಕುಳಿತಿದ್ದರು. ಅತ್ತೆ ಅವರನ್ನು ನೋಡಿ ದೂರದಲ್ಲೇ ನಿಂತಳು. ನಾನು ಎದ್ದು ಹೋಗಿ ಆಕೆಯ ಕೈ ಹಿಡಿದು ಕರೆತಂದು, “ಇವರು ನನ್ನ ಅತ್ತೆ, ಅಪ್ಪನ ಒಡಹುಟ್ಟಿದ ತಂಗಿ” ಎಂದು ಮರಾಠಿಯಲ್ಲಿ ಹೇಳಿದೆ. ಅಷ್ಟು ಹೇಳಲು ನನಗೆ ಹದಿನಾಲ್ಕು ವರ್ಷ ಬೇಕಾಯಿತು.

ನೀವು ಅಷ್ಟು ತಡಮಾಡಬೇಡಿ.